ಕಾಲ ಬಗ್ಗಿಸುವ ಮಾಯೆಗೆ ದರ್ಜೆ ಕೊಡುವುದು ಹೇಗೆ?

ನೀವು ಬರೆಯುತ್ತಿರುವ ಕಥೆಯಲ್ಲೋ ಆಡಿಸುತ್ತಿರುವ ಗೇಮಿನಲ್ಲೋ ಒಂದು ಮಾಯೆ ಇದೆ ಅಂದುಕೊಳ್ಳಿ. ಅದು ಅನುರಣಿಸಿದರೆ, ಅಂದರೆ ತಾಳಕ್ಕೆ ತಾಳ ಕೂಡಿ ಅದರ ಕಂಪನ ಜೋರಾದರೆ, ಸುತ್ತಲಿನ ಕಾಲ ಬಾಗುತ್ತದೆ, ಯಾರ ಮಾತೂ ಕೇಳುವುದಿಲ್ಲ. ಇದನ್ನು ವರ್ಗೀಕರಿಸಬೇಕು ಅಂದಾಗ ಬಹಳ ಜನ ಸುಮ್ನೆ ಒಂದರಿಂದ ಹತ್ತರವರೆಗೆ ನಂಬರ್ ಹಾಕುತ್ತಾರೆ. ಒಂದಕ್ಕೆ ಗಡಿಯಾರ ಸ್ವಲ್ಪ ತಪ್ಪುತ್ತದೆ, ಹತ್ತಕ್ಕೆ ಲೋಕವೇ ಮುಳುಗುತ್ತದೆ. ರೇಡಿಯೋದ ವಾಲ್ಯೂಮ್ ತಿರುಗಿಸಿದ ಹಾಗಾಯಿತು. ಏಳನೇ ದರ್ಜೆ ಎಂಟಕ್ಕೇರಿದರೆ ನಿಮ್ಮ ನಾಯಕಿ ಬೇರೆ ಏನು ಮಾಡುತ್ತಾಳೆ? ಇನ್ನೂ ಜೋರಾಗಿ ಓಡುತ್ತಾಳೆ, ಅಷ್ಟೆ.

ಮೊದಲು ಅನುರಣನವನ್ನೇ ಸರಿಯಾಗಿ ಹಿಡಿದುಕೊಳ್ಳಿ. ಉಯ್ಯಾಲೆ ತೂಗುವಾಗ ಶಕ್ತಿಗಿಂತ ಹೊತ್ತು ಮುಖ್ಯ. ಅದು ಹಿಂದೆ ಬಂದು ಮತ್ತೆ ಮುಂದೆ ಹೊರಡುವ ಗಳಿಗೆಗೆ ಸರಿಯಾಗಿ ಸಣ್ಣಗೆ ತಳ್ಳುತ್ತಾ ಹೋದರೆ ಮಗು ಕೂಡ ದೊಡ್ಡವರನ್ನು ತೂಗಬಹುದು. ಈಗ ನಿಮ್ಮ ಮಾಯೆ ಬಗ್ಗಿಸುವುದು ಕಾಲವನ್ನೇ ಅಲ್ವಾ? ಅಂದರೆ ತಳ್ಳಬೇಕಾದ ಆ ಗಳಿಗೆಯನ್ನೇ ಅದು ಜರುಗಿಸಿಬಿಡುತ್ತದೆ. ಅಸ್ಥಿರತೆ ಹುಟ್ಟುವುದು ಅಲ್ಲೇ, ಹೊರಗಿನಿಂದ ಶಾಪ ಗೀಪ ತರಬೇಕಾಗಿಲ್ಲ. ಜರುಗಿದ ಗಳಿಗೆ ತಾಳ ತಪ್ಪಿಸಿದರೆ ಮಾಯೆ ತಾನಾಗಿ ಆರುತ್ತದೆ. ತಾಳಕ್ಕೆ ಇನ್ನೂ ಹತ್ತಿರ ತಂದರೆ ಬೆಳೆಯುತ್ತದೆ.

ಬೆಳೆಯುವುದು ಹೇಗೆ ಕಾಣುತ್ತದೆ ಎನ್ನುವುದಕ್ಕೆ ಲಂಡನ್ನಿನ ಮಿಲೇನಿಯಂ ಸೇತುವೆ ನೋಡಿ. 2000ದ ಜೂನ್ 10ರಂದು ಅದನ್ನು ತೆರೆದರು. ಜನ ತುಂಬಿದಂತೆ ಸೇತುವೆ ಅಡ್ಡಡ್ಡಕ್ಕೆ ತೂಗಾಡಿತು, ಬೀಳಬಾರದು ಅಂತ ಜನ ಆ ತೂಗಾಟಕ್ಕೇ ಹೆಜ್ಜೆ ಹೊಂದಿಸಿಕೊಂಡರು, ಹೊಂದಿಸಿದ ಹೆಜ್ಜೆಯಿಂದಲೇ ತೂಗಾಟ ಇನ್ನೂ ಜಾಸ್ತಿಯಾಯಿತು. ಎರಡೇ ದಿನದಲ್ಲಿ ಮುಚ್ಚಿದರು. ಅಲುಗಾಟ ಹೀರುವ ಡ್ಯಾಂಪರ್‌ಗಳನ್ನು ಕೂರಿಸಿ 2002ರಲ್ಲಿ ಮತ್ತೆ ತೆರೆದರು. ಒಬ್ಬರಿಗೂ ಸೇತುವೆ ಅಲ್ಲಾಡಿಸುವ ಉದ್ದೇಶ ಇರಲಿಲ್ಲ. ನಿಮ್ಮ ಮಾಂತ್ರಿಕರಿಗೂ ಹೀಗೇ ಆಗಲಿ.

ಇನ್ನು ಅಳೆಯುವುದು. ಬಾಗಿದ ಕಾಲದೊಳಗೆ ಇಟ್ಟ ಗಡಿಯಾರವೂ ಬಾಗುತ್ತದೆ, ಅದನ್ನು ನೋಡಿ ಏನೂ ಗೊತ್ತಾಗುವುದಿಲ್ಲ. 1971ರಲ್ಲಿ ಹಾಫೆಲೆ ಮತ್ತು ಕೀಟಿಂಗ್ ಎಂಬ ಇಬ್ಬರು ವಿಜ್ಞಾನಿಗಳು ಪರಮಾಣು ಗಡಿಯಾರಗಳನ್ನು ವಿಮಾನದಲ್ಲಿ ಭೂಮಿ ಸುತ್ತಿಸಿದಾಗ, ನೆಲದಲ್ಲೇ ಉಳಿದ ಗಡಿಯಾರದ ಜೊತೆ ಹೋಲಿಸಿದ್ದರಿಂದಲೇ ವ್ಯತ್ಯಾಸ ತಿಳಿದದ್ದು, ಅದೂ ನ್ಯಾನೋಸೆಕೆಂಡುಗಳಲ್ಲಿ, ಅಂದರೆ ಸೆಕೆಂಡಿನ ನೂರು ಕೋಟಿಯಲ್ಲೊಂದು ಭಾಗದ ಲೆಕ್ಕದಲ್ಲಿ. ನಿಮ್ಮ ಲೋಕದಲ್ಲಿ ಅದರ ಬದಲು ಒಂದೇ ಅಳತೆಯ ಎರಡು ಮೇಣದಬತ್ತಿ ಸಾಕು: ಒಂದು ಒಳಗೆ, ಒಂದು ಹೊರಗೆ. ಕಣ್ಣಿಗೆ ಕಂಡದ್ದನ್ನೇ ದರ್ಜೆ ಮಾಡಿ. ಬ್ರಿಟಿಷ್ ನೌಕಾಧಿಕಾರಿ ಬ್ಯೂಫೋರ್ಟ್ 1805ರಲ್ಲಿ ಗಾಳಿಗೆ ದರ್ಜೆ ಕೊಟ್ಟದ್ದು ಹೀಗೆಯೇ, ಉಪಕರಣ ಏನೂ ಇಲ್ಲದೆ, ಹಡಗಿಗೆ ಎಷ್ಟು ಹಾಯಿ ಬಿಚ್ಚಬಹುದು ಎಂದು ನೋಡಿ.

ನನ್ನ ಮೊದಲ ಪಟ್ಟಿಯಲ್ಲಿ ಒಂಬತ್ತು ವರ್ಗ ಇದ್ದವು. ಆಡುವವರಿಗೆ ಮೂರೂ ನೆನಪಿರಲಿಲ್ಲ. ಈಗ ನಾಲ್ಕು. ಒಳಗಿನ ಬತ್ತಿ ನಿಧಾನವಾಗಿ ಅಥವಾ ಬೇಗ ಉರಿದರೆ ಅದು ಎಳೆತ. ಕರಗಿದ ಅದೇ ಹನಿ ಮತ್ತೆ ಮತ್ತೆ ಬೀಳುತ್ತಿದ್ದರೆ ತೊದಲು. ಇಡೀ ಬತ್ತಿ ಇದ್ದದ್ದು ನಡುವೆ ಏನೂ ಕಾಣದೆ ಅರ್ಧ ಆಗಿದ್ದರೆ ಹರಕು. ನಾಲ್ಕನೆಯದು ಆರಿಸುವ ಮೊದಲೇ ಹೊಗೆಯ ವಾಸನೆ ಬರುವುದು. ಮಾರ್ದನಿ ಕೂಗಿದ ಮೇಲೆ ಬರುತ್ತದೆ, ಇದು ಕೂಗುವುದಕ್ಕೂ ಮುಂಚೆ ಬರುತ್ತದೆ, ಅದಕ್ಕೆ ಮುಂದನಿ ಅಂತ ಹೆಸರಿಟ್ಟೆ. ತಲೆ ತಿನ್ನುವುದು ಇದೇ. ವಾಸನೆ ಬಂದ ಮೇಲೆ ಬತ್ತಿ ಆರಿಸದೆ ಬಿಟ್ಟರೆ ಏನಾಗುತ್ತದೆ? ಆರಿಸಲೇಬೇಕಾಗುತ್ತದೆಯೇ, ಗಾಳಿ ಬಂದು ಆರಿಸುತ್ತದೆಯೇ, ವಾಸನೆಯೇ ಸುಳ್ಳಾಗುತ್ತದೆಯೇ? ಇದನ್ನು ಬರೆಯುವ ಮೊದಲೇ ತೀರ್ಮಾನಿಸಿ, ಆಮೇಲೆ ಬದಲಾಯಿಸಬೇಡಿ, ಓದುವವರು ಕ್ಷಮಿಸುವುದಿಲ್ಲ.

ವರ್ಗದ ಪಕ್ಕದಲ್ಲಿ ಇನ್ನೊಂದು ಗುರುತು ಬೇಕು: ಆರುವುದು, ನಿಲ್ಲುವುದು (ಅಂದರೆ ಇದ್ದ ಹಾಗೇ ಉಳಿಯುವುದು), ಬೆಳೆಯುವುದು. ವರ್ಗವನ್ನೂ ಈ ಗುರುತನ್ನೂ ಬೆರೆಸಬೇಡಿ. ಪುರಾಣದ ಕಕುದ್ಮಿ ರಾಜ ಮಗಳು ರೇವತಿಗೆ ವರ ಕೇಳಲು ಬ್ರಹ್ಮಲೋಕಕ್ಕೆ ಹೋದ, ಹಾಡು ಮುಗಿಯಲಿ ಅಂತ ಸ್ವಲ್ಪ ಕಾದ, ಅಷ್ಟರಲ್ಲಿ ಭೂಮಿಯಲ್ಲಿ 27 ಚತುರ್ಯುಗ ಕಳೆದಿತ್ತು. ಎಂಥ ಎಳೆತ! ಆದರೂ ಅಲ್ಲಿ ಯಾವುದೂ ಅಲುಗಾಡಲಿಲ್ಲ, ಹಾಡೂ ಕೆಡಲಿಲ್ಲ. ಅದು 'ಎಳೆತ, ನಿಲ್ಲುವುದು'. ಬರೀ ಎರಡು ಕ್ಷಣದ ತೊದಲು ಬೆಳೆಯುವ ಜಾತಿಯದಾದರೆ ಅದಕ್ಕಿಂತ ಅಪಾಯ.

ಪಾತ್ರಗಳು ಏನು ಮಾಡಬೇಕು ಎನ್ನುವುದು ಈ ಎರಡನೇ ಗುರುತಿನಿಂದ ಬರಲಿ. ಆರುವುದಾದರೆ ದೂರ ನಿಂತು ಕಾಯಿರಿ. ನಿಲ್ಲುವುದಾದರೆ ಬೇಲಿ ಹಾಕಿ. ಬೆಳೆಯುವುದಕ್ಕೆ ಎದುರು ಮಂತ್ರ ಹಾಕಿದರೆ, ಆ ಮಂತ್ರದ ಲಯವೂ ಅದಕ್ಕೇ ಹೊಂದಿಕೊಂಡು ಇನ್ನೊಂದು ತಳ್ಳು ಆಗಿಬಿಡುತ್ತದೆ. ಅಲ್ಲಿ ತಾಳ ಮುರಿಯಬೇಕು. ಸೈನಿಕರು ಸೇತುವೆ ಮೇಲೆ ಕವಾಯತು ಬಿಟ್ಟು ಅಡ್ಡಾದಿಡ್ಡಿ ನಡೆಯುತ್ತಾರಲ್ಲ, ಹಾಗೆ.

ದಾಖಲೆ ಬರೆಯುವವರು ಒಳಗೊಬ್ಬರು, ಹೊರಗೊಬ್ಬರು ಇರಲಿ. ಒಳಗಿದ್ದವಳ ಪುಸ್ತಕದಲ್ಲಿ ಯಾವಾಗಲೂ ಒಂದೇ ಸಾಲು ಇರುತ್ತದೆ: 'ಬತ್ತಿ ಎಂದಿನಂತೆ ಉರಿಯುತ್ತಿದೆ.'