ನಿಂಬೆ ಬಾರ್: ನಡುಭಾಗ ನಡುಗುವಾಗಲೇ ಹೊರಗೆ ತೆಗೆಯಿರಿ

ಈ ಬೇಸಿಗೆಯಲ್ಲಿ ತುಮಕೂರಿನ ನಮ್ಮ ಬಳಗದಲ್ಲೇ ನಾಲ್ಕು ಮನೆಯವರು ನಿಂಬೆ ಬಾರ್ ಮಾಡಿ ನನಗೆ ತಂದುಕೊಟ್ಟರು. ನಾಲ್ಕರಲ್ಲೂ ಹುಳಿ ಸರಿಯಿತ್ತು, ಸಿಹಿ ಸರಿಯಿತ್ತು. ಆದರೆ ಎರಡರಲ್ಲಿ ತಳದ ಬಿಸ್ಕತ್ತು ಹಸಿ ಹಿಟ್ಟಿನ ಹಾಗೆ ಹಲ್ಲಿಗೆ ಅಂಟಿತು. ಇನ್ನೆರಡರಲ್ಲಿ ಮೇಲಿನ ಪದರ ರಬ್ಬರಿನಂತಾಗಿ ಮೊಟ್ಟೆ ವಾಸನೆ ಹೊಡೆಯುತ್ತಿತ್ತು. ಒಳ್ಳೆಯ ಬೆಣ್ಣೆ, ಒಳ್ಳೆಯ ನಿಂಬೆ, ಅರ್ಧ ದಿನದ ಶ್ರಮ. ಹೀಗೆ ಹಾಳಾದರೆ ನನಗೆ ನಿಜವಾಗಿ ಸಂಕಟವಾಗುತ್ತದೆ. ತಪ್ಪಾಗುವುದು ಎರಡೇ ಕಡೆ. ಆ ಎರಡನ್ನು ಬಿಡಿಸಿ ಹೇಳುತ್ತೇನೆ, ಉಳಿದದ್ದು ಸುಲಭ.

ಇದು ಮೂಲತಃ ಅಮೆರಿಕದ ಮನೆಗಳ ತಿನಿಸು. ಕೆಳಗೆ ಬೆಣ್ಣೆ ಬಿಸ್ಕತ್ತಿನ ತಳ, ಮೇಲೆ ನಿಂಬೆ ರಸ, ಮೊಟ್ಟೆ, ಸಕ್ಕರೆಯ ಮೆತ್ತನೆ ಪದರ. ತಣ್ಣಗಾದ ಮೇಲೆ ಬರ್ಫಿಯ ಹಾಗೆ ಚೌಕ ಕತ್ತರಿಸುವುದು.

ಬೇಕಾಗುವ ಸಾಮಾನು

8 ಇಂಚಿನ ಚೌಕ ಟಿನ್‌ಗೆ ಈ ಅಳತೆ. 16 ತುಂಡು ಬರುತ್ತದೆ. ತಳಕ್ಕೆ 180 ಗ್ರಾಂ ಮೈದಾ, 120 ಗ್ರಾಂ ಉಪ್ಪಿಲ್ಲದ ಬೆಣ್ಣೆ, 60 ಗ್ರಾಂ ಪುಡಿ ಸಕ್ಕರೆ, ಚಿಟಿಕೆ ಉಪ್ಪು. ಮೂರು ಪಾಲು ಹಿಟ್ಟು, ಎರಡು ಪಾಲು ಬೆಣ್ಣೆ, ಒಂದು ಪಾಲು ಸಕ್ಕರೆ ಅಂತ ನೆನಪಿಟ್ಟುಕೊಂಡರೆ ಸಾಕು. ಮೇಲಿನ ಪದರಕ್ಕೆ 3 ಮೊಟ್ಟೆ, 225 ಗ್ರಾಂ ಸಕ್ಕರೆ, 20 ಗ್ರಾಂ ಮೈದಾ, 100 ಮಿಲಿ ನಿಂಬೆ ರಸ, 4 ನಿಂಬೆಯ ಸಿಪ್ಪೆ ತುರಿ.

ತೂಕದ ಸ್ಕೇಲ್ ಇಲ್ಲದಿದ್ದರೆ ದಯವಿಟ್ಟು ಒಂದು ತಗೊಳ್ಳಿ. ಕಪ್ಪಿನಲ್ಲಿ ಮೈದಾ ಅಳೆದರೆ ಒತ್ತಿ ತುಂಬಿದವರಿಗೆ ಒಂದು ಲೆಕ್ಕ, ಸುಮ್ನೆ ಸುರಿದವರಿಗೆ ಇನ್ನೊಂದು ಲೆಕ್ಕ ಬರುತ್ತದೆ.

ಬೆಣ್ಣೆ ನಂದಿನಿಯ ಉಪ್ಪಿಲ್ಲದ್ದು ಚೆನ್ನಾಗಿರುತ್ತದೆ, ನಾನು ಅದನ್ನೇ ಬಳಸುತ್ತೇನೆ. ಬೇಕರಿ ಸಾಮಾನಿನ ಅಂಗಡಿಯಲ್ಲಿ ಅರ್ಧ ಬೆಲೆಗೆ ಸಿಗುವ ಮಾರ್ಗರಿನ್ ಬೇಡ. ಅಂಗುಳಕ್ಕೆ ಅಂಟಿಕೊಂಡು ಬಾಯೆಲ್ಲ ಜಿಡ್ಡಾಗುತ್ತದೆ. ಬಾಟಲಿಯ ನಿಂಬೆ ರಸವೂ ಬೇಡ, ಲೆಮನ್ ಎಸೆನ್ಸ್ ಅಂತೂ ಬೇಡವೇ ಬೇಡ. ಎಸೆನ್ಸ್ ಹಾಕಿದ ಬಾರ್ ತಿಂದರೆ ಪಾತ್ರೆ ತೊಳೆಯುವ ಸೋಪಿನ ವಾಸನೆಯೇ ಮೂಗಿಗೆ ಬರುತ್ತದೆ.

ನಿಂಬೆ

ವಿದೇಶಿ ರೆಸಿಪಿಗಳಲ್ಲಿ ಹೇಳುವುದು ದಪ್ಪ ಸಿಪ್ಪೆಯ ದೊಡ್ಡ ಹಳದಿ ನಿಂಬೆ. ನಮ್ಮದು ತೆಳು ಸಿಪ್ಪೆಯ ಪುಟ್ಟ ಹಣ್ಣು. ಹಾಗಾಗಿ ‘2 ನಿಂಬೆಯ ರಸ’ ಅಂತ ಓದಿ ನಮ್ಮ ಎರಡು ಹಣ್ಣು ಹಿಂಡಿದರೆ ಏನೂ ಸಾಲದು. ನಮ್ಮ ಹಣ್ಣಾದರೆ ಆರೇಳು ಬೇಕು. ತುಮಕೂರಿನ ಅಂತರಸನಹಳ್ಳಿ ಮಾರುಕಟ್ಟೆಗೆ ಹೋದರೆ ಆರಿಸಿಕೊಳ್ಳಲು ಬಿಡುತ್ತಾರೆ. ಹಳದಿಗೆ ತಿರುಗಿರಬೇಕು, ಸಿಪ್ಪೆ ನುಣುಪಾಗಿರಬೇಕು, ಕೈಯಲ್ಲಿ ಹಿಡಿದರೆ ಗಾತ್ರಕ್ಕಿಂತ ಭಾರ ಅನಿಸಬೇಕು. ಅಂಥದ್ದರಲ್ಲಿ ರಸ ಜಾಸ್ತಿ.

ಘಮ ಇರುವುದು ರಸದಲ್ಲಿ ಅಲ್ಲ, ಸಿಪ್ಪೆಯ ಎಣ್ಣೆಯಲ್ಲಿ. ಸಣ್ಣ ಕಣ್ಣಿನ ತುರಿಮಣೆಯ ಮೇಲೆ ಹಣ್ಣನ್ನು ಹಗುರವಾಗಿ ಒಂದೇ ಸಲ ಎಳೆಯಿರಿ, ತಿರುಗಿಸಿ, ಮತ್ತೆ ಎಳೆಯಿರಿ. ಒಂದೇ ಜಾಗದಲ್ಲಿ ಎರಡನೇ ಸಲ ಉಜ್ಜಿದರೆ ಕೆಳಗಿನ ಬಿಳಿ ಭಾಗ ಬಂದುಬಿಡುತ್ತದೆ, ಅದು ಕಹಿ. ಆ ತುರಿಯನ್ನು ಸಕ್ಕರೆಗೆ ಹಾಕಿ ಬೆರಳ ತುದಿಯಿಂದ ಎರಡು ನಿಮಿಷ ತಿಕ್ಕಿ. ಸಕ್ಕರೆ ನಿಧಾನವಾಗಿ ಒದ್ದೆ ಮರಳಿನ ಹಾಗಾಗುತ್ತದೆ, ಇಡೀ ಅಡುಗೆಮನೆ ಘಮ್ ಅನ್ನುತ್ತದೆ. ಈ ಎರಡು ನಿಮಿಷವನ್ನು ಮಾತ್ರ ಉಳಿಸಲು ಹೋಗಬೇಡಿ.

ರಸ ಹಿಂಡುವಾಗಲೂ ಕೊನೆಯ ಹನಿಯವರೆಗೆ ಸಿಪ್ಪೆ ಜಜ್ಜಬೇಡಿ. ಚಿತ್ರಾನ್ನಕ್ಕೆ ಹಾಗೆ ಹಿಂಡಿದಾಗ ಕಹಿಯಾದದ್ದು ನೆನಪಿರಬೇಕಲ್ವಾ? ಹಿಂದಿನ ದಿನವೇ ಹಿಂಡಿಡುವುದೂ ಬೇಡ. ನಿಂತಷ್ಟೂ ರಸ ಕಹಿಯಾಗುತ್ತದೆ.

ತಳ

ಟಿನ್‌ಗೆ ಎರಡು ಕಡೆ ಹೊರಗೆ ಇಳಿಬಿಟ್ಟ ಹಾಗೆ ಬೇಕಿಂಗ್ ಪೇಪರ್ ಹಾಸಿ. ಆಮೇಲೆ ಎತ್ತಲು ಅದೇ ಹಿಡಿ. ಅಲ್ಯೂಮಿನಿಯಂ ಟಿನ್ ಆದರೆ ಪೇಪರ್ ಕಡ್ಡಾಯ, ಇಲ್ಲದಿದ್ದರೆ ಹುಳಿಗೆ ಲೋಹದ ರುಚಿ ಬರುತ್ತದೆ. ಮೇಣದ ಪೇಪರನ್ನೂ ಕೆಲವು ಕಡೆ ಬಟರ್ ಪೇಪರ್ ಅಂತ ಮಾರುತ್ತಾರೆ. ಅದು ಕಾವಿಗೆ ಕರಗಿ ಬಿಸ್ಕತ್ತಿಗೆ ಅಂಟುತ್ತದೆ. ಓವನ್ನಿಗೆ ಆಗುತ್ತದೆ ಅಂತ ಬರೆದಿರುವುದನ್ನೇ ಕೇಳಿ ತನ್ನಿ.

ಮೈದಾ, ಪುಡಿ ಸಕ್ಕರೆ, ಉಪ್ಪು ಕಲಸಿ, ತಣ್ಣನೆ ಬೆಣ್ಣೆಯ ಚೂರುಗಳನ್ನು ಹಾಕಿ ಬೆರಳಲ್ಲಿ ಉಜ್ಜಿ. ನಿಪ್ಪಟ್ಟಿನ ಹಿಟ್ಟಿಗೆ ಎಣ್ಣೆ ಹಾಕಿ ಉಜ್ಜುತ್ತೇವಲ್ಲ, ಹಾಗೆಯೇ. ಹದವೂ ಅದೇ: ಹಿಡಿದರೆ ಮುಷ್ಟಿ ಕಟ್ಟಬೇಕು, ಬೆರಳಲ್ಲಿ ತಟ್ಟಿದರೆ ಉದುರಬೇಕು. ಹೋಳಿಗೆ ಕಣಕದ ಹಾಗೆ ನಾದಬೇಡಿ. ನೀರು ಹಾಕಲೇಬೇಡಿ. ಬಿರುಕು ಮುಚ್ಚಲು ಒಂದು ಚಮಚದಷ್ಟು ಹಿಟ್ಟನ್ನು ಪಕ್ಕಕ್ಕೆ ಎತ್ತಿಟ್ಟು, ಉಳಿದದ್ದನ್ನು ಪುಡಿಯಾಗಿರುವಾಗಲೇ ಟಿನ್‌ಗೆ ಸುರಿದು ಚಪ್ಪಟೆ ತಳದ ಸ್ಟೀಲ್ ಲೋಟದಿಂದ ಒತ್ತಿ. ಮೂಲೆಗಳನ್ನು ಇನ್ನೊಂದು ಸಲ ಒತ್ತಿ. ಫೋರ್ಕಿನಿಂದ ಅಲ್ಲಲ್ಲಿ ಚುಚ್ಚಿ, ಅರ್ಧ ಗಂಟೆ ಫ್ರಿಜ್ಜಿನಲ್ಲಿಡಿ.

ಓಟಿಜಿಯನ್ನು (ಮನೆಯ ಪುಟ್ಟ ಕರೆಂಟ್ ಓವನ್) 175 ಡಿಗ್ರಿಗೆ 15 ನಿಮಿಷ ಕಾಯಿಸಿ, ತಳವನ್ನು 22ರಿಂದ 25 ನಿಮಿಷ ಬೇಯಿಸಿ. ಇಲ್ಲೇ ಮೊದಲನೇ ತಪ್ಪು ಆಗುವುದು. ‘ಮತ್ತೆ ಹೇಗೂ ಬೇಯುತ್ತದಲ್ಲ’ ಅಂತ 12 ನಿಮಿಷಕ್ಕೇ ಬೆಳ್ಳಗಿರುವಾಗ ತೆಗೆದುಬಿಡುತ್ತಾರೆ. ಮತ್ತೆ ಬೇಯುವುದಿಲ್ಲ. ಮೇಲೆ ರಸ ಸುರಿದ ಮೇಲೆ ತಳಕ್ಕೆ ಸಿಗುವುದು ತೇವ ಮಾತ್ರ. ಅಂಚು ತುಪ್ಪದಲ್ಲಿ ಹುರಿದ ಗೋಡಂಬಿಯ ಬಣ್ಣಕ್ಕೆ ಬರಬೇಕು, ನಡುವೆಯೂ ಹಸಿ ಬಿಳುಪು ಇರಬಾರದು. ಗುಂಡಿಯ ಮೇಲೆ ಬರೆದ ಡಿಗ್ರಿಯನ್ನು ಪೂರ್ತಿ ನಂಬಬೇಡಿ. ಒಂದೊಂದು ಓಟಿಜಿಯ ಕಾವು ಒಂದೊಂದು ತರ, ಬಣ್ಣವನ್ನೇ ನಂಬಿ.

ಕುಕ್ಕರಿನಲ್ಲಿ ಮರಳು ಹಾಕಿ ಮಾಡಬಹುದಾ ಅಂತ ತುಂಬ ಜನ ಕೇಳುತ್ತಾರೆ. ಕೇಕ್ ಆಗುತ್ತದೆ, ಇದು ಬೇಡ. ಮುಚ್ಚಳದ ನೀರು ನಿಂಬೆ ಪದರದ ಮೇಲೆ ತೊಟ್ಟಿಕ್ಕಿ ಗುಂಡಿ ಗುಂಡಿಯಾಗುತ್ತದೆ.

ಸುರಿಯುವುದು

ತಳ ಆಗಲು ಐದು ನಿಮಿಷ ಇರುವಾಗ ಮೇಲಿನ ಮಿಶ್ರಣ ಶುರು ಮಾಡಿ. ಘಮದ ಸಕ್ಕರೆಗೆ ಮೊದಲು 20 ಗ್ರಾಂ ಮೈದಾ ಕಲಸಿ, ಆಗ ಗಂಟಾಗುವುದಿಲ್ಲ. ಅದಕ್ಕೆ ಮೊಟ್ಟೆ ಒಡೆದು ಹಾಕಿ, ಆಮೇಲೆ ರಸ. ಕೈ ಬೀಟರಿನಿಂದ ಕದಡಿ, ಅಷ್ಟೇ. ಕರೆಂಟಿನ ಬೀಟರ್ ಹಾಕಿ ನೊರೆ ಎಬ್ಬಿಸಿದರೆ ಆ ನೊರೆಯೆಲ್ಲ ಮೇಲೆ ತೇಲಿ ಕಂದು ಪೊರೆಯಾಗಿ ಕೂರುತ್ತದೆ. ಜರಡಿಯಲ್ಲಿ ಸೋಸಿ.

ತಳ ಹೊರಗೆ ಬಂದ ಕೂಡಲೇ, ಬಿಸಿಬಿಸಿ ಇರುವಾಗಲೇ ಸುರಿಯಬೇಕು. ಬಿಸಿ ತಳಕ್ಕೆ ತಗುಲಿದ ಕೂಡಲೇ ಅಡಿಯ ಮೊಟ್ಟೆ ತೆಳ್ಳಗೆ ಗಟ್ಟಿಯಾಗಲು ಶುರುವಾಗುತ್ತದೆ, ಮೇಲಿನ ರಸ ಕೆಳಗಿಳಿಯದ ಹಾಗೆ ತಡೆಯುತ್ತದೆ. ಆರಿದ ತಳಕ್ಕೆ ಸುರಿದರೆ ರಸ ಇಳಿದು ಅಡಿಯೆಲ್ಲ ಮೆತ್ತಗಾಗುತ್ತದೆ. ತಳದಲ್ಲಿ ಬಿರುಕು ಕಂಡರೆ ಎತ್ತಿಟ್ಟ ಹಿಟ್ಟನ್ನು ಅಲ್ಲಿಗೆ ಮೆತ್ತಿ, ಎರಡು ನಿಮಿಷ ಒಳಗಿಟ್ಟು, ಆಮೇಲೆ ಸುರಿಯಿರಿ.

ಓಟಿಜಿ ಕಾವನ್ನು 160ಕ್ಕೆ ಇಳಿಸಿ. ಮೇಲಿನ ರಾಡ್ ಟಿನ್ನಿಗೆ ತೀರ ಹತ್ತಿರ ಇದ್ದರೆ ಅದನ್ನು ಆರಿಸಿ, ಕೆಳಗಿನದಷ್ಟೇ ಇರಲಿ. ಕೆಳಗಿನದೊಂದೇ ಆದರೆ ಸ್ವಲ್ಪ ಹೊತ್ತು ಜಾಸ್ತಿ ಹಿಡಿಯಬಹುದು.

ನಡುಗುವ ಹದ

ಎರಡನೇ ತಪ್ಪು ಆಗುವುದು ಇಲ್ಲಿ. ಒಟ್ಟು 18ರಿಂದ 22 ನಿಮಿಷ. ಆದರೆ 16ನೇ ನಿಮಿಷದಿಂದಲೇ ನೀವು ಅಲ್ಲೇ ನಿಂತಿರಬೇಕು. ಬಾಗಿಲು ತೆಗೆದು, ಬಟ್ಟೆ ಹಿಡಿದು ಟಿನ್ನನ್ನು ಒಂದು ಸಲ ಮೆಲ್ಲಗೆ ಅಲ್ಲಾಡಿಸಿ. ಇಡೀ ಪದರ ನೀರಿನ ಹಾಗೆ ಅಲೆಯಾಡಿದರೆ ಇನ್ನೂ ಆಗಿಲ್ಲ. ಅಂಚು ನಿಂತು, ನಡುವೆ ಒಂದು ಅಂಗೈಯಗಲ ಮಾತ್ರ ನಡುಗಿದರೆ ಆಯಿತು, ತೆಗೆಯಿರಿ. ಹಬೆಯಲ್ಲಿ ಗಿಣ್ಣು ಬೇಯಿಸಿದವರಿಗೆ ಈ ನಡುಕ ಗೊತ್ತು. ತಟ್ಟೆ ಮುಟ್ಟಿದರೆ ನಡು ಜುಂ ಅನ್ನುತ್ತದೆ, ಆದರೆ ಒಡೆಯುವುದಿಲ್ಲ. ಅದೇ ಹದ.

ನಮ್ಮ ನಾದಿನಿ ಹೋದ ತಿಂಗಳು ಅಡುಗೆಮನೆಯಿಂದಲೇ ಕೂಗಿದಳು, “ಅತ್ತಿಗೆ, ಇದು ಇನ್ನೂ ಅಲ್ಲಾಡ್ತಿದೆ, ಹತ್ತು ನಿಮಿಷ ಜಾಸ್ತಿ ಇಡ್ಲಾ?” “ಬೇಡ ಕಣೇ, ತೆಗೆದುಬಿಡು,” ಅಂದೆ. ಅವಳಿಗೆ ಧೈರ್ಯ ಬರಲಿಲ್ಲ, ನಾನೇ ಹೋಗಿ ತೆಗೆದೆ. ಸಂಜೆ ಕತ್ತರಿಸುವಾಗ ಚಾಕು ಬೆಣ್ಣೆಯಲ್ಲಿ ಇಳಿದ ಹಾಗೆ ಇಳಿಯಿತು.

ಕಾರಣ ಇಷ್ಟೇ. ಹೊರಗೆ ತೆಗೆದ ಮೇಲೂ ಟಿನ್ನಿನ ಬಿಸಿಯಲ್ಲಿ ಅದು ಬೇಯುತ್ತಲೇ ಇರುತ್ತದೆ, ಆರುತ್ತಾ ಗಟ್ಟಿಯಾಗುತ್ತದೆ. ಒಳಗೇ ಪೂರ್ತಿ ಗಟ್ಟಿಯಾಗುವ ತನಕ ಕಾದರೆ ಮೊಟ್ಟೆ ಬಿಗಿದುಕೊಂಡು ತನ್ನ ನೀರನ್ನು ಬಿಟ್ಟುಬಿಡುತ್ತದೆ. ಆಗಲೇ ರಬ್ಬರು, ಆಗಲೇ ವಾಸನೆ, ಮರುದಿನ ಅಡಿಯಲ್ಲಿ ನೀರು. ಕೇಕಿಗೆ ಕಡ್ಡಿ ಚುಚ್ಚಿ ನೋಡುವ ಅಭ್ಯಾಸ ಇಲ್ಲಿ ಬೇಡ. ಕಡ್ಡಿ ಒಣಗಿ ಬಂತು ಅಂದರೆ ಹೊತ್ತು ಮೀರಿದೆ.

ನಡುವೆ ಕರೆಂಟ್ ಹೋದರೆ ಗಾಬರಿ ಬೇಡ. ಬಾಗಿಲು ತೆಗೆಯದೆ ಹತ್ತು ನಿಮಿಷ ಬಿಡಿ, ಒಳಗಿನ ಕಾವಿನಲ್ಲೇ ಅರ್ಧ ಕೆಲಸ ಆಗಿರುತ್ತದೆ. ಕರೆಂಟ್ ಬಂದ ಕೂಡಲೇ ಮತ್ತೆ ಹಚ್ಚಬೇಡಿ, ಮೊದಲು ಅಲ್ಲಾಡಿಸಿ ನೋಡಿ.

ಮೊಟ್ಟೆ ಬೇಡದವರಿಗೆ

ನಮ್ಮ ಕಡೆ ಮೊಟ್ಟೆ ಒಳಗೆ ತರದ ಮನೆ ತುಂಬ. ಅವರು ತಳವನ್ನು ಪೂರ್ತಿ, ಇನ್ನೊಂದು ಐದು ನಿಮಿಷ ಜಾಸ್ತಿಯೇ ಬೇಯಿಸಿ ಇಟ್ಟುಕೊಳ್ಳಿ. 250 ಮಿಲಿ ನೀರಿಗೆ 45 ಗ್ರಾಂ ಕಾರ್ನ್‌ಫ್ಲೋರ್, 150 ಗ್ರಾಂ ಸಕ್ಕರೆ, ಕಡ್ಡಿ ತುದಿಯಷ್ಟು ಅರಿಸಿನ ಕಲಸಿ, ಕೈ ಬಿಡದೆ ಕಾಯಿಸಿ. ಗಟ್ಟಿಯಾಗಿ ಪಳಪಳ ಹೊಳೆದು ಗುಳ್ಳೆ ಬಂದ ಮೇಲೂ ಒಂದೆರಡು ನಿಮಿಷ ಕುದಿಸಿ, ಒಲೆ ಆರಿಸಿ. 80 ಮಿಲಿ ನಿಂಬೆ ರಸ, ಸಿಪ್ಪೆ ತುರಿ, 30 ಗ್ರಾಂ ಬೆಣ್ಣೆ ಆಮೇಲೆ. ರಸವನ್ನು ಮೊದಲೇ ಹಾಕಿ ಕುದಿಸಿದರೆ ಹುಳಿಗೆ ಪಿಷ್ಟ ಒಡೆದು ತೆಳ್ಳಗಾಗಬಹುದು, ಫ್ರಿಜ್ಜಿನಲ್ಲಿಟ್ಟರೂ ಸರಿಯಾಗಿ ನಿಲ್ಲದೆ ಹೋಗಬಹುದು. ತಳದ ಮೇಲೆ ಸುರಿದು ನಾಲ್ಕು ಗಂಟೆ ಫ್ರಿಜ್ಜಿನಲ್ಲಿಡಿ. ಮತ್ತೆ ಬೇಯಿಸುವುದು ಬೇಕಿಲ್ಲ. ಕಸ್ಟರ್ಡ್ ಪುಡಿ ಹಾಕಿ ಮುಗಿಸುವವರಿದ್ದಾರೆ. ಅದರ ವೆನಿಲಾ ವಾಸನೆ ನಿಂಬೆಯನ್ನು ನುಂಗಿಬಿಡುತ್ತದೆ.

ಕತ್ತರಿಸುವುದು

ಮೊಟ್ಟೆಯದ್ದಾದರೆ ಒಂದು ಗಂಟೆ ಹೊರಗೆ ಆರಲಿ, ಮೂರು ಗಂಟೆ ಫ್ರಿಜ್ಜಿನಲ್ಲಿರಲಿ. ಪೇಪರ್ ಹಿಡಿದು ಎತ್ತಿ, ಉದ್ದ ಚಾಕುವನ್ನು ಬಿಸಿ ನೀರಿನಲ್ಲಿ ಅದ್ದಿ ಒರೆಸಿ, ಗರಗಸದ ಹಾಗೆ ಎಳೆಯದೆ ನೇರ ಒತ್ತಿ. ಪ್ರತಿ ಸಲವೂ ಒರೆಸಿ.

ಪುಡಿ ಸಕ್ಕರೆಯನ್ನು ಟೀ ಸೋಸುವ ಜಾಲರಿಯಲ್ಲಿ ಉದುರಿಸುವುದು ತಟ್ಟೆಗೆ ಹಾಕಿ ಕೊಡುವಾಗ ಮಾತ್ರ, ಮೊದಲೇ ಹಾಕಿದರೆ ಕರಗಿ ಕಲೆಯಾಗುತ್ತದೆ. ಉಳಿದದ್ದನ್ನು ಡಬ್ಬಿಯಲ್ಲಿ, ಪದರದ ನಡುವೆ ಪೇಪರ್ ಇಟ್ಟು, ಫ್ರಿಜ್ಜಿನಲ್ಲಿಡಿ. ಮೂರು ದಿನ ಚೆನ್ನಾಗಿರುತ್ತದೆ. ಎರಡನೇ ದಿನ ಹುಳಿ ಇನ್ನೂ ಹದಕ್ಕೆ ಬಂದಿರುತ್ತದೆ, ಹಾಗಾಗಿ ಭಾನುವಾರ ನೆಂಟರು ಬರುವುದಾದರೆ ಶನಿವಾರವೇ ಮಾಡಿಡಿ.