ಪಿ-1 ಕರಾರಿನ ಬೆನ್ನು ಹತ್ತಿ ದೂರಿನವರೆಗೆ: ನನ್ನ ಅನುಭವ

ಶಿಡ್ಲಘಟ್ಟ ತಾಲ್ಲೂಕಿನ ಒಂದೂವರೆ ಎಕರೆ ಜಮೀನಿನ ದಾವೆ, ನಾನು ಪ್ರತಿವಾದಿ ಪರ ವಕೀಲ. ನಿಶಾನೆ ಪಿ-1 (ವಾದಿ ಹಾಜರುಪಡಿಸಿದ ಮೊದಲ ದಾಖಲೆ) ಆಗಿ ಬಂದ ಕ್ರಯದ ಕರಾರು ಸೃಷ್ಟಿಸಿದ್ದು ಎಂದು ತೀರ್ಪಾಗಿ, ಕೋರ್ಟೇ ಮ್ಯಾಜಿಸ್ಟ್ರೇಟರಿಗೆ ದೂರು ಕಳಿಸಿತು. 340 ಅರ್ಜಿ (ಸುಳ್ಳು ಸಾಕ್ಷ್ಯ ತಂದವರ ಮೇಲೆ ಕೋರ್ಟೇ ದೂರು ಕೊಡಲಿ ಎಂದು ಹಳೆಯ ಸಿಆರ್‌ಪಿಸಿ 340ರ ಅಡಿ ಕೇಳುವುದು) ಎಂದರೆ ಕಾಲಹರಣ ಎಂದು ಬಾರ್‌ನಲ್ಲಿ ವಾದಿಸುತ್ತಿದ್ದವರೇ ಈಗ ಅರ್ಜಿಯ ಪ್ರತಿ ಕೇಳುತ್ತಿದ್ದಾರೆ.

ಬೇರೆ ದಾವೆಗಳಲ್ಲಿ ನನ್ನ ಹಿಂದಿನ ಎರಡು ಪ್ರಯತ್ನ ಬಿದ್ದುಹೋಗಿದ್ದವು. ಮೊದಲನೆಯದರಲ್ಲಿ ಎದುರುಪಕ್ಷ ದಾವೆ ಮುಗಿದ ಮೇಲೆ ಮೂಲಪ್ರತಿ ವಾಪಸ್ ಪಡೆಯಿತು, ಆಮೇಲೆ ಅದು 'ಕಳೆದುಹೋಯಿತು'. ಜೆರಾಕ್ಸ್ ಮೇಲೆ ಯಾವ ತಜ್ಞರೂ ಗಟ್ಟಿ ಅಭಿಪ್ರಾಯ ಕೊಡುವುದಿಲ್ಲ. ಈಗ ಇಂಥ ದಾಖಲೆ ಗುರುತಾದ ವಾರದಲ್ಲೇ ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) ಆದೇಶ 13, ನಿಯಮ 8ರ ಅಡಿ, ಮೂಲಪ್ರತಿ ಕೋರ್ಟಿನ ವಶದಲ್ಲೇ ಉಳಿಯಲೆಂದು ಜಪ್ತಿಯ ಐಎ (ಮಧ್ಯಂತರ ಅರ್ಜಿ) ಹಾಕುತ್ತೇನೆ. ಛಾಪಾ ಕಾಯ್ದೆಯಲ್ಲಿ ಮುದ್ರಾಂಕ ಶುಲ್ಕ ಕಡಿಮೆ ಬಿದ್ದಾಗ ಆಗುವ ಜಪ್ತಿ ಬೇರೆ, ಅದನ್ನು ಇದಕ್ಕೆ ಬೆರೆಸಬಾರದು. ಎರಡನೆಯದರಲ್ಲಿ ಮಸಿಯ ವಯಸ್ಸು ಹೇಳಿಸಲು ಹೋಗಿ ಕಮಿಷನರ್ ಫೀಸೂ ಸೇರಿ ಸುಮಾರು 18 ಸಾವಿರ ಹೋಯಿತು. ಅಭಿಪ್ರಾಯ ಕೊಡಲಾಗದು ಎಂಬ ಒಂದು ಸಾಲು ಬಂತು.

ಈ ಸಲ ಮಸಿ ಬಿಟ್ಟು ಒಕ್ಕಣೆ ಹಿಡಿದೆ. ಕರಾರಿನ ತಾರೀಖು 2005. ಷೆಡ್ಯೂಲಿನಲ್ಲಿ 'ಚಿಕ್ಕಬಳ್ಳಾಪುರ ಜಿಲ್ಲೆ' ಎಂದಿದೆ. ಜಿಲ್ಲೆ ಆದದ್ದು 2007ರಲ್ಲಿ, ಅಲ್ಲಿಯವರೆಗೆ ಶಿಡ್ಲಘಟ್ಟ ಕೋಲಾರ ಜಿಲ್ಲೆಯದು. ಸರ್ವೆ ನಂಬರಿಗೆ ಹಿಸ್ಸಾ (ಉಪನಂಬರ್) ಬಿದ್ದದ್ದು ಪೋಡಿಯಾದ (ಅಳತೆ ಮಾಡಿ ಭಾಗ ಬೇರ್ಪಡಿಸಿದ) ಮೇಲೆ, ಅಂದರೆ 2011ರ ಸುಮಾರಿಗೆ. ಕರಾರಿನಲ್ಲಿ ಆ ಹಿಸ್ಸಾ ನಂಬರ್ ಮೊದಲೇ ಕೂತಿದೆ! ಪೋಡಿ ದಾಖಲೆ, ಹಳೆಯ ಪಹಣಿ, ಮ್ಯುಟೇಶನ್ ದೃಢೀಕೃತ ನಕಲುಗಳಿಗೆ ಎರಡು ಸಾವಿರದೊಳಗೆ ಆಯಿತು. ಇಂಥ ಕರಾರುಗಳಲ್ಲಿ ಇನ್ನೂ ನೋಡಬೇಕಾದವು: ₹ ಚಿಹ್ನೆ 2010ಕ್ಕೆ ಮುಂಚೆ ಇರಲಿಲ್ಲ, ಇಂಗ್ಲಿಷ್ ಸೀಲಿನಲ್ಲಿ 'Tumkur' ಬದಲು 'Tumakuru' ಎಂಬ ಹೊಸ ಕಾಗುಣಿತ ಬಂದದ್ದು 2014ರ ನವೆಂಬರ್‌ನಿಂದ.

ಇವನ್ನು ಪ್ರತಿವಾದಪತ್ರದಲ್ಲಿ ಬಿಚ್ಚಬಾರದು. 'ಕರಾರು ಸೃಷ್ಟಿತ' ಎಂಬಷ್ಟು ಸಾಕು. ಪಾಟೀ ಸವಾಲಿನಲ್ಲಿ ಮೊದಲು ಬರೆದ ದಿನ, ಜಾಗ, ಬಿಕ್ಕಲಂ (ಪತ್ರ ಬರೆದವನ ಸಹಿ) ಹಾಕಿದವನು, ಅಂದೇ ಪೂರ್ತಿ ಬರೆದದ್ದು, ಆಮೇಲೆ ಒಂದಕ್ಷರವೂ ಸೇರಿಸಿಲ್ಲ ಎಂಬುದು, ಇವಿಷ್ಟನ್ನೂ ವಾದಿಯ ಬಾಯಿಂದಲೇ ಹೇಳಿಸಬೇಕು. ಕೊನೆಯ ಎರಡು ಪ್ರಶ್ನೆಗಳನ್ನು ಯಾವ ಕ್ರಮದಲ್ಲಿ ಕೇಳಿದೆ ಎಂಬುದನ್ನು ಇಲ್ಲಿ ಬರೆಯುವುದಿಲ್ಲ.

ಪಕ್ಕದಲ್ಲೊಂದು ಪ್ರಯೋಗವನ್ನೂ ಮಾಡಿದೆ. ಮೃತ ಮಾಲೀಕರ ಸಹಿಯನ್ನು ನೋಂದಾಯಿತ ವಿಭಾಗಪತ್ರದಿಂದಲೂ ಪಿ-1ರಿಂದಲೂ 600 ಡಿಪಿಐನಲ್ಲಿ, ಪಕ್ಕದಲ್ಲಿ ಸ್ಕೇಲ್ ಇಟ್ಟು ಸ್ಕ್ಯಾನ್ ಮಾಡಿಸಿ, ಪಾರದರ್ಶಕ ಹಾಳೆಗೆ ಮುದ್ರಿಸಿ ಒಂದರ ಮೇಲೊಂದು ಇಟ್ಟೆ. ಕೂದಲೆಳೆಯೂ ವ್ಯತ್ಯಾಸವಿಲ್ಲ. ಯಾರೂ ಎರಡು ಸಲ ಹಾಗೆ ಸಹಿ ಮಾಡಲಾರರು, ಅಂದಮೇಲೆ ಅದು ನಕಲಿಳಿಸಿದ ಸಹಿ. ಮೊಬೈಲ್ ಫೋಟೊದಲ್ಲಿ ಆಕಾರ ವಾರೆಯಾಗುವುದರಿಂದ ಇದು ಸಾಧ್ಯವಿಲ್ಲ. ಇದನ್ನು ನೋಡಿದ ಮೇಲೆ ಖಾಸಗಿ ತಜ್ಞರಿಗೆ ಸುಮಾರು 20 ಸಾವಿರ ಕೊಟ್ಟದ್ದು ದಂಡವಾಗಲಿಲ್ಲ.

ಠಾಣೆಯವರು 'ಕೋರ್ಟಿಗೆ ಹೋಗಿ' ಎಂದೂ, ಕೋರ್ಟಿನಲ್ಲಿ 'ಠಾಣೆಗೆ ಹೋಗಿ' ಎಂದೂ ಅಲೆಸುವುದು ಎಲ್ಲರಿಗೂ ಗೊತ್ತು. 2005ರ ಇಕ್ಬಾಲ್ ಸಿಂಗ್ ಮರ್ವಾ ತೀರ್ಪಿನಂತೆ ಕೋರ್ಟಿನ ಹೊರಗೇ ಸೃಷ್ಟಿಸಿ ತಂದ ದಾಖಲೆಗೆ ಸಿಆರ್‌ಪಿಸಿ 195ರ (ಈಗ ಬಿಎನ್‌ಎಸ್‌ಎಸ್ 215), ಅಂದರೆ ಕೋರ್ಟೇ ದೂರು ಕೊಡಬೇಕೆಂಬ ತಡೆ ಇಲ್ಲ, ಪೊಲೀಸ್ ಕೇಸು ನೇರವಾಗಿ ಆಗುತ್ತದೆ. ಆದರೆ ಎದುರುಪಕ್ಷದವರು 'ಸಿವಿಲ್ ವ್ಯಾಜ್ಯ' ಎಂದು ಹೈಕೋರ್ಟಿನಲ್ಲಿ ಅದನ್ನು ರದ್ದು ಮಾಡಿಸಲು ಓಡುತ್ತಾರೆ. ಸಿವಿಲ್ ಕೋರ್ಟಿನದೇ ತೀರ್ಮಾನ ಕೈಲಿದ್ದರೆ ಆ ಓಟಕ್ಕೆ ಬಲವಿಲ್ಲ. ಸುಳ್ಳು ಪ್ರಮಾಣಕ್ಕಂತೂ ಕೋರ್ಟಿನ ದೂರೇ ಬೇಕು. ಅದಕ್ಕೇ ತೀರ್ಪು ಬಂದ ಮೇಲೆ ಅದೇ ಕೋರ್ಟಿನಲ್ಲಿ ಬಿಎನ್‌ಎಸ್‌ಎಸ್ (ಸಿಆರ್‌ಪಿಸಿ ಬದಲಿಗೆ ಬಂದ ಸಂಹಿತೆ) 379ರ ಅರ್ಜಿ ಹಾಕಿದೆ, ಹಳೆಯ 340 ಎಂದರೆ ಈಗ ಇದೇ. ಕೃತ್ಯ 2024ರ ಜುಲೈ 1ಕ್ಕೆ ಮುಂಚಿನದು, ಹಾಗಾಗಿ ಅಪರಾಧಗಳು ಹಳೆಯ ಐಪಿಸಿಯವೇ: ಸುಳ್ಳು ಸಾಕ್ಷ್ಯದ 193, 196 ಮುಂದೆ, ನಕಲಿ ದಾಖಲೆಯ 467, 471 ಅದರ ಬೆನ್ನಿಗೆ.

ಅರ್ಜಿಗಳು ಬೀಳುವುದು ಹೆಚ್ಚಾಗಿ ಒಂದೇ ಕಾರಣಕ್ಕೆ. ದಾಖಲೆ ಸುಳ್ಳು ಎಂದು ಹತ್ತು ಪುಟ ಬರೆದು, ದೂರು ಕೊಡುವುದು ನ್ಯಾಯದ ಹಿತಕ್ಕೆ ಯಾಕೆ ಅಗತ್ಯ ಎಂಬುದಕ್ಕೆ ಒಂದು ಪ್ಯಾರಾವನ್ನೂ ಇಡುವುದಿಲ್ಲ. ನಾನು ಅದಕ್ಕೇ ಮೂರು ಪುಟ ಇಟ್ಟೆ: ಪಿ-1 ಆಧಾರದ ಮೇಲೆ ಬಂದ ತಡೆಯಾಜ್ಞೆ, ಜಮೀನು ಬೀಳುಬಿದ್ದ ವರ್ಷಗಳು, ನಿಂತುಹೋದ ಸಾಲ. 'ಮೊದಲು ನಮ್ಮನ್ನು ಕೇಳಿ' ಎಂಬ ತಕರಾರಿಗೆ 2022ರ ಜಸ್ಬೀರ್ ಸಿಂಗ್ ತೀರ್ಪು ಸಾಕಾಯಿತು. ಪ್ರಾಥಮಿಕ ವಿಚಾರಣೆ ಕಡ್ಡಾಯವಲ್ಲ, ಆ ಹಂತದಲ್ಲಿ ಆರೋಪಿಯಾಗಲಿರುವವನಿಗೆ ವಾದಿಸುವ ಹಕ್ಕೂ ಇಲ್ಲ.

ದೂರು ಕೋರ್ಟಿನದಾದ್ದರಿಂದ ದೂರುದಾರರ ಪ್ರಮಾಣದ ಹೇಳಿಕೆಯೂ ಬೇಕಾಗಲಿಲ್ಲ. ಮೂಲ ಪಿ-1 ಮೊಹರಾದ ಲಕೋಟೆಯಲ್ಲಿ ಕೋರ್ಟಿನ ವಶದಲ್ಲೇ ಇದೆ.