ತಪ್ಪು ದಾರಿಗೆ ಒಯ್ಯದಂತೆ ಉಲ್ಲೇಖ ಕೊಡುವ ಕ್ರಮ

ಸಂಶೋಧನ ಪ್ರಬಂಧ ಬರೆಯುವ ನಮ್ಮ ಭಾಗದ ವಿದ್ಯಾರ್ಥಿಗಳು ಮೊದಲು ಎಡವುವುದು ಊರಿನ ಹೆಸರಿನಲ್ಲಿ. ಹಳೆಯ ಪುಸ್ತಕವೊಂದರಲ್ಲಿ ‘ಗುಲಬರ್ಗಾ ಜಿಲ್ಲೆ, ಸುರಪುರ ತಾಲ್ಲೂಕು’ ಎಂದಿರುತ್ತದೆ. ಯಾದಗಿರಿ 2010ರಲ್ಲಿ ಪ್ರತ್ಯೇಕ ಜಿಲ್ಲೆಯಾದ ಮೇಲೆ ಸುರಪುರ ಅತ್ತ ಸೇರಿತು. 2014ರ ನವೆಂಬರ್ 1ರಿಂದ ಗುಲಬರ್ಗಾ ಎಂಬ ಹೆಸರೂ ಕಲಬುರಗಿಯಾಯಿತು. ಆದ್ದರಿಂದ ಮೂಲದ ಮಾತನ್ನು ಉದ್ಧರಣ ಚಿಹ್ನೆಯೊಳಗೆ ಇದ್ದಂತೆಯೇ ಉಳಿಸಿ, ಅದರ ಪಕ್ಕದಲ್ಲಿ ‘ಈಗಿನ ಯಾದಗಿರಿ ಜಿಲ್ಲೆ’ ಎಂದು ನೀವೇ ಸೇರಿಸಬೇಕು. ಪುಸ್ತಕದ ಶೀರ್ಷಿಕೆಯಲ್ಲಿರುವ ‘ಗುಲಬರ್ಗಾ’ವನ್ನು ತಿದ್ದಿದರೆ ಗ್ರಂಥಾಲಯದಲ್ಲಿ ಆ ಪುಸ್ತಕವೇ ಸಿಗದೆ ಹೋಗಬಹುದು.

ಎರಡೂ ಹೆಸರು ಒಂದೇ ಊರನ್ನು ಸೂಚಿಸುವಾಗ ಬದಲಿಸಿದರೆ ಏನು ತಪ್ಪು ಎಂದು ಕೇಳಬಹುದು. ಜರ್ಮನಿಯ ತರ್ಕಶಾಸ್ತ್ರಜ್ಞ ಗಾಟ್‌ಲೋಬ್ ಫ್ರೇಗೆ 1892ರಲ್ಲಿ ಇದನ್ನೇ ವಿವೇಚಿಸಿದರು. ಮುಂಜಾನೆಯ ಬೆಳ್ಳಿಯೂ ಸಂಜೆಯ ಬೆಳ್ಳಿಯೂ ಶುಕ್ರಗ್ರಹವೇ ಆದರೂ, ಅದನ್ನರಿಯದವನು ಒಂದರ ಬಗ್ಗೆ ನಂಬಿದ್ದನ್ನು ಇನ್ನೊಂದರ ಬಗ್ಗೆಯೂ ನಂಬಿದ್ದಾನೆಂದು ಹೇಳಲಾಗದು. ನಿಮ್ಮ ಸ್ವಂತ ವಾಕ್ಯದಲ್ಲಿ ಹೆಸರು ಬದಲಿಸಬಹುದು; ಬೇರೊಬ್ಬರ ಮಾತು, ನಂಬಿಕೆಗಳನ್ನು ವರದಿ ಮಾಡುವಾಗ ಬದಲಿಸಬಾರದು.

ವಚನಗಳಿಗೆ ಇನ್ನೂ ಹೆಚ್ಚಿನ ಎಚ್ಚರ ಬೇಕು. ‘ಕೂಡಲಸಂಗಮದೇವ’ ಎಂಬ ಅಂಕಿತ ದೇವರನ್ನು ಕರೆಯುತ್ತದೆ, ಓದುಗರಿಗೆ ಬಸವಣ್ಣನವರ ಗುರುತನ್ನು ಕೊಡುತ್ತದೆ. ಆದರೆ ನೂರಾರು ವಚನಗಳಲ್ಲಿ ಯಾವುದು ಎಂಬುದನ್ನು ತಿಳಿಸುವುದಿಲ್ಲ. ಸಂಪುಟದಿಂದ ಸಂಪುಟಕ್ಕೆ ಕ್ರಮಸಂಖ್ಯೆ ಬದಲಾಗುವುದರಿಂದ ಸಂಖ್ಯೆಯೊಂದನ್ನೇ ನಂಬುವಂತಿಲ್ಲ. ವಚನದ ಮೊದಲ ಸಾಲು, ಅಂಕಿತ, ಸಂಪುಟದ ಹೆಸರು, ಸಂಪಾದಕರು, ಮುದ್ರಣದ ವರ್ಷ, ಆ ಮುದ್ರಣದಲ್ಲಿ ವಚನದ ಕ್ರಮಸಂಖ್ಯೆ ಇವಿಷ್ಟನ್ನೂ ಕೊಡಿ. ಇದು ಅತಿಯಾಯಿತೆಂದು ಅನ್ನಿಸಬಹುದು, ಆದರೆ ಇದರಲ್ಲಿ ಒಂದನ್ನೂ ಬಿಡಬಾರದೆಂಬುದು ನನ್ನ ಖಚಿತ ಅಭಿಪ್ರಾಯ.

ಅಡಿಟಿಪ್ಪಣಿಯಲ್ಲಿ ‘ಅದೇ, ಪುಟ 42’ ಎಂದು ಬರೆಯುವ ರೂಢಿಯಿದೆ. ‘ಅದೇ’ ಎಂಬುದು ಮೇಲಿನ ಟಿಪ್ಪಣಿಯ ಪುಸ್ತಕವನ್ನು ತೋರಿಸುತ್ತದೆಯಾದ್ದರಿಂದ, ನಡುವೆ ಹೊಸ ಟಿಪ್ಪಣಿಯೊಂದು ಸೇರಿದೊಡನೆ ಸದ್ದಿಲ್ಲದೆ ಬೇರೆ ಪುಸ್ತಕದತ್ತ ಕೈ ತೋರುತ್ತದೆ. ಕರಡು ಮುಗಿಯುವವರೆಗೂ ಲೇಖಕರ ಹೆಸರು, ವರ್ಷಗಳನ್ನೇ ಬರೆದುಕೊಂಡು ಹೋಗಿ. ‘ಮೇಲಿನ ಚಿತ್ರ’ ಎನ್ನುವ ಬದಲು ‘ಚಿತ್ರ 3’ ಎನ್ನಿ. ಕಲಬುರಗಿ ಜಿಲ್ಲೆಯ ಸನ್ನತಿಯ ಬಳಿಯ ಕನಗನಹಳ್ಳಿ ಬೌದ್ಧ ಸ್ತೂಪದಲ್ಲಿ ಅಶೋಕನ ಶಿಲ್ಪವಿರುವ ಕಲ್ಲಿನ ಮೇಲೆಯೇ ಅವನ ಹೆಸರನ್ನು ಬ್ರಾಹ್ಮಿ ಲಿಪಿಯಲ್ಲಿ ಕೆತ್ತಿದ್ದಾರೆ. ಕಲ್ಲನ್ನು ಎಲ್ಲಿಗೆ ಒಯ್ದರೂ ಹೆಸರು ಅದರೊಂದಿಗೇ ಹೋಗುತ್ತದೆ; ನಿಮ್ಮ ಉಲ್ಲೇಖವೂ ಹಾಗೆಯೇ ಇರಬೇಕು.

ಕಂಪ್ಯೂಟರಿನ ಎಕ್ಸೆಲ್ ಹಾಳೆಯಲ್ಲೂ ಇದೇ ತೊಡಕು ಬರುತ್ತದೆ. ತೊಗರಿಯ ಲೆಕ್ಕವನ್ನೇ ತೆಗೆದುಕೊಳ್ಳಿ. B1 ಕೋಶದಲ್ಲಿ ಕ್ವಿಂಟಲ್ ಧಾರಣೆ, A2ರಿಂದ ಕೆಳಗೆ ಒಬ್ಬೊಬ್ಬ ರೈತರ ಕ್ವಿಂಟಲ್ ಇರಲಿ. C2ರಲ್ಲಿ =A2*B1 ಎಂದು ಬರೆದು ಕೆಳಗೆಳೆದರೆ C3ರಲ್ಲಿ ಅದು =A3*B2 ಆಗುತ್ತದೆ; B2 ಖಾಲಿಯಿದ್ದರೆ ಆ ರೈತರ ಹಣ ಸೊನ್ನೆ. A ಕೋಶ ಸರಿಯಬೇಕು, ಧಾರಣೆಯ ಕೋಶ ಸರಿಯಬಾರದು. ಆದಕಾರಣ ಕೋಶವನ್ನು ಸರಿಯದಂತೆ ಹಿಡಿಯುವ $ ಚಿಹ್ನೆ ಹಾಕಿ =A2*$B$1 ಎಂದು ಬರೆಯಬೇಕು. ಎಳೆದ ಬಳಿಕ ಕೊನೆಯ ಸಾಲಿನ ಕೋಶವನ್ನು ಒತ್ತಿ, ಅಲ್ಲಿಯೂ $B$1 ಉಳಿದಿದೆಯೇ ಎಂದು ನೋಡಿಕೊಂಡ ಮೇಲೆಯೇ ಹಾಳೆಯನ್ನು ಬೇರೆಯವರಿಗೆ ಕೊಡಿ.